ಎಡಕ್ಕೆ ತಿರುಗುವವರು

ಹೊರಗೆ ಹೋಗುವವರು ಬಲಕ್ಕೆ ತಿರುಗಬೇಕು. ಡಾಕ್ಟರ ಕೋಣೆಯ ಬಾಗಿಲು ದಾಟಿದರೆ ಸಣ್ಣ ಓಣಿ, ಓಣಿಯ ಬಲತುದಿಯಲ್ಲಿ ಕೌಂಟರು, ಕೌಂಟರಿನ ಆಚೆ ಬೀದಿ. ಈ ಕ್ಲಿನಿಕ್ಕು ಕಟ್ಟಿಸಿದಂದಿನಿಂದ ತಾಯಂದಿರು ಹಾಗೇ ಹೋಗಿದ್ದಾರೆ: ಮಗುವಿನ ಟೋಪಿ ಸರಿಮಾಡುತ್ತ, ಔಷಧಿ ಊಟಕ್ಕೆ ಮುಂಚೆಯೋ ಆಮೇಲೋ ಎಂದು ತಮ್ಮಷ್ಟಕ್ಕೆ ಗೊಣಗುತ್ತ, ಬಲಕ್ಕೆ. ಈಗ ಹೋದವಳು, ಹೆಗಲ ಮೇಲೆ ಕೂಸನ್ನು ಒರಗಿಸಿಕೊಂಡ ದಪ್ಪ ಜಡೆಯವಳು, ಎಡಕ್ಕೆ ತಿರುಗಿದಳು. ಅವನು ಕುರ್ಚಿಯಿಂದ ಅರ್ಧ ಎದ್ದು ಕತ್ತು ಚಾಚಿದ. ಅದಕ್ಕೂ ಮುಂಚಿನವಳೂ ಎಡಕ್ಕೇ ಹೋಗಿದ್ದಳು. ನಿನ್ನೆಯೂ ಹೀಗೇ ಅನ್ನಿಸಿ, ಛೇ, ನನಗೇಕೆ ಈ ಸಣ್ಣಬುದ್ಧಿ ಎಂದು ಸುಮ್ಮನಾಗಿದ್ದ. ಎಡಗಡೆ ಇರುವುದು ಒಂದೇ ಕೋಣೆ, ಅದರಲ್ಲಿ ಕೂರುವುದು ಅವನ ಸೊಸೆ. ಅವಳೂ ಮಕ್ಕಳ ಡಾಕ್ಟರೇ. ತಾನು ನೋಡಿ, ಮುಟ್ಟಿ, ಎದೆ ಕೇಳಿ, ಚೀಟಿ ಬರೆದು ಕಳಿಸಿದ ಮಗು ಅಲ್ಲಿಗೇಕೆ ಹೋಗಬೇಕು? ಹೊಟ್ಟೆಯೊಳಗೆ ಏನೋ ಸುರುಳಿ ಬಿಚ್ಚಿ ಎದ್ದಂತಾಯಿತು. ಅಜೀರ್ಣವಲ್ಲ ಅದು, ವೈದ್ಯನಾದವನಿಗೆ ಅಷ್ಟೂ ಗೊತ್ತಾಗುವುದಿಲ್ಲವೇ. ಹೊಟ್ಟೆಕಿಚ್ಚು. ಎಪ್ಪತ್ತು ದಾಟಿದವನಿಗೆ, ಮಗಳ ವಯಸ್ಸಿನವಳ ಮೇಲೆ.

ಊರಿನವರ ಬಾಯಲ್ಲಿ ಅವನು ದೊಡ್ಡ ಡಾಕ್ಟರು, ಅವಳು ಚಿಕ್ಕ ಡಾಕ್ಟರು. ಆಸ್ಪತ್ರೆಯ ಮಕ್ಕಳ ವಾರ್ಡಿಗೆ ಅವನು ಬದುಕಿರುವಾಗಲೇ ಅವನ ಹೆಸರಿಟ್ಟಿದ್ದಾರೆ. ಮಗುವಿಗೆ ಜ್ವರ ಬಂದರೆ ಏನು ಮಾಡಬೇಕು ಎಂದು ಅವನು ರೇಡಿಯೋದಲ್ಲಿ ಹೇಳಿದ್ದನ್ನು ಕೇಳಿ ಮಕ್ಕಳನ್ನು ಬೆಳೆಸಿದವರು ಈಗ ಅಜ್ಜಿಯರಾಗಿದ್ದಾರೆ. ಆದರೆ ಅವನ ಹೆಸರು ನಿಂತದ್ದು ವಾರ್ಡಿನ ಮೇಲೂ ಅಲ್ಲ, ರೇಡಿಯೋದಲ್ಲೂ ಅಲ್ಲ. ದೊಡ್ಡ ಡಾಕ್ಟರ ಕೋಣೆಯಲ್ಲಿ ಮಕ್ಕಳು ಅಳುವುದಿಲ್ಲ ಎಂಬ ಒಂದು ಮಾತಿನ ಮೇಲೆ. ಅದಕ್ಕೆ ಅವನೇ ಕಂಡುಕೊಂಡ ದಾರಿ ಇತ್ತು. ಮಗುವನ್ನು ತಾಯಿಯ ಮಡಿಲಿಂದ ಇಳಿಸುತ್ತಿರಲಿಲ್ಲ. ಸ್ಟೆತಸ್ಕೋಪಿನ ಲೋಹದ ಬಿಲ್ಲೆಯನ್ನು ಅಂಗೈಯಲ್ಲಿ ಬೆಚ್ಚಗೆ ಮಾಡಿ, ಕೊಳವೆಯ ಎರಡು ತುದಿಗಳನ್ನು ಮೊದಲು ಮಗುವಿನ ಕಿವಿಗೇ ಇಟ್ಟು, ಬಿಲ್ಲೆಯನ್ನು ತನ್ನ ಎದೆಗೆ ಒತ್ತಿಕೊಳ್ಳುತ್ತಿದ್ದ. "ಮೊದಲು ನೀನು ನನ್ನ ಎದೆ ಕೇಳು. ಏನು ಕೇಳಿಸ್ತು?" ಮಕ್ಕಳು ಕಣ್ಣರಳಿಸಿ ಏನೇನೋ ಹೇಳುತ್ತಿದ್ದವು. ಕುದುರೆ ಅಂದವು, ಬಟ್ಟೆ ಒಗೀತಾ ಇದಾರೆ ಅಂದವು, ಒಳಗೆ ಯಾರೋ ಬಾಗಿಲು ತಟ್ತಾ ಇದಾರೆ, ತೆಗೀರಿ ಅಂದಿತ್ತು ಒಂದು. "ಸರಿ, ಈಗ ನನ್ನ ಸರದಿ" ಎಂದರೆ ಯಾವ ಮಗು ಬೇಡ ಅಂದೀತು? ಸೊಸೆ ಇದನ್ನು ಅವನಿಂದಲೇ ಕಲಿತಳು. ಬೆಚ್ಚಗೆ ಮಾಡುವುದನ್ನು, ಮಡಿಲಿಂದ ಇಳಿಸದಿರುವುದನ್ನು, ಆ ಪ್ರಶ್ನೆಯನ್ನು, ಪ್ರಶ್ನೆ ಕೇಳುವಾಗಿನ ರಾಗವನ್ನೂ ಬಿಡದೆ ಕಲಿತಳು. ಈಗ ಅವಳ ಕೋಣೆಯಲ್ಲಿ ಮಕ್ಕಳು ಅಳದಿರುವುದಷ್ಟೇ ಅಲ್ಲ, ನಗುತ್ತವೆ. ಆ ನಗು ಗೋಡೆ ದಾಟಿ ಬರುತ್ತದೆ.

ಬೆಳಿಗ್ಗೆ ತಿಂಡಿಯ ಹೊತ್ತಿಗೆ ಪೇಪರು ಬಂದಿತ್ತು. 'ಮಕ್ಕಳು ಅಳದ ಕ್ಲಿನಿಕ್ಕು' ಎಂದು ಅರ್ಧ ಪುಟ. ಫೋಟೋದಲ್ಲಿ ಸೊಸೆ ಬಗ್ಗಿ ಕೂತಿದ್ದಾಳೆ, ಒಂದು ಮಗು ಅವಳ ಎದೆ ಕೇಳುತ್ತಿದೆ, ಹಿಂದೆ ಬಿಳಿ ಕೋಟಿನ ಒಂದು ತೋಳು. ಆ ತೋಳು ಅವನದು. "ಫೋಟೋ ಚೆನ್ನಾಗಿ ಬಂದಿದೆ, ನೋಡಿದ್ರಾ?" ಎಂದಳು ಹೆಂಡತಿ. "ನಾನೆಲ್ಲಿದೀನಿ ಇದರಲ್ಲಿ?" "ಇದೀರಲ್ಲ, ಇಲ್ಲಿ, ಕೈ." "ಕೈ ಇದ್ರೆ ಸಾಕಾ? ಮುಖ ಬೇಡ್ವಾ ಮನುಷ್ಯನಿಗೆ?" "ನಿಮ್ಮ ಮುಖ ಊರಿಗೆಲ್ಲ ಗೊತ್ತಿರೋದೇ ಅಲ್ವಾ. ಮೊದಲು ಆ ಟೀವಿ ಸ್ವಲ್ಪ ಸಣ್ಣಗೆ ಮಾಡಿ, ಪಕ್ಕದ ಮನೆಯವರೂ ನಮ್ಮ ವಾರ್ತೆನೇ ಕೇಳ್ಕೊಂಡು ಕೂತಿದಾರೆ." ಟೀವಿ ಹಳೆಯದು, ಅದರ ಗಂಟಲು ಕೆಟ್ಟಿದೆ ಎಂದು ಅವನು ಎಂದಿನಂತೆ ಟೀವಿಯನ್ನು ಬೈದ. ಸೊಸೆ ತಟ್ಟೆಯ ಕಡೆ ಮುಖ ಮಾಡಿಕೊಂಡು ಏನೋ ಹೇಳಿದಳು. ಈಗಿನವರಿಗೆ ಬಾಯಿ ಬಿಟ್ಟು ಮಾತಾಡಲು ಬರುವುದಿಲ್ಲ. "ಏನಂದೆ?" ಎಂದದ್ದಕ್ಕೆ ಮಗನೇ ದೊಡ್ಡ ದನಿಯಲ್ಲಿ, "ಪೇಪರಿನವರು ಫೋಟೋ ಕತ್ತರಿಸಿಬಿಟ್ಟಿದಾರೆ, ನಾನು ಫೋನ್ ಮಾಡಿ ಬೈದೆ ಅಂತಾಳಪ್ಪಾ" ಎಂದ. ಬೈದಳಂತೆ. ಬೈಯದೇ ಇದ್ದಿದ್ದರೆ ಎಷ್ಟೋ ವಾಸಿಯಾಗಿತ್ತು. ಸಿಟ್ಟು ಮಾಡಿಕೊಳ್ಳಲು ಅವಳು ಒಂದಿಷ್ಟು ಜಾಗವನ್ನೂ ಬಿಡುವುದಿಲ್ಲ. ಅವನಿಗೆ ಅದೇ ಹೆಚ್ಚಿನ ಸಿಟ್ಟು.

ಅವಳನ್ನು ಈ ಮನೆಗೆ ತಂದವನೂ ಅವನೇ ಅಲ್ಲವೇ. ಆಗ ಅವಳು ವಾರ್ಡಿನಲ್ಲಿ ಅವನ ವಿದ್ಯಾರ್ಥಿನಿ. ಉಳಿದ ಹುಡುಗರೆಲ್ಲ ಒಂದು ಮಗುವಿನ ಎದೆಯ ಮೇಲೆ ಬಿಲ್ಲೆ ಇಟ್ಟು, ಏನಿಲ್ಲ ಸರ್, ಏನಿಲ್ಲ ಸರ್ ಎಂದು ಮುಂದೆ ಹೋದಾಗ ಇವಳೊಬ್ಬಳು ಕಣ್ಣು ಮುಚ್ಚಿ ನಿಂತೇ ಇದ್ದಳು. "ಎರಡು ಬಡಿತದ ನಡುವೆ ಒಂದು ಸಣ್ಣ ಗಾಳಿ ಇದೆ ಸರ್." ಹೃದಯದ ದೋಷ ಹೇಳುವ ಆ ಸಣ್ಣ ಗಾಳಿಯ ಸದ್ದು ಅಲ್ಲಿಯವರೆಗೆ ಅವನೊಬ್ಬನಿಗೇ ಕೇಳಿಸಿತ್ತು. ಅಂದು ಮನೆಗೆ ಬಂದು, ನನ್ನ ಕಿವಿಯಂಥ ಕಿವಿ ಇನ್ನೊಬ್ಬರಿಗೂ ಇದೆ ಕಣೇ ಎಂದು ಕುಣಿದಾಡಿದ್ದ. ದಿನಾ ಅವಳದೇ ಮಾತು. "ಮಗನಿಗೆ ಹೆಣ್ಣು ನೋಡ್ತಾ ಇದೀರೋ, ನಿಮ್ಮ ಕುರ್ಚಿಗೆ ವಾರಸುದಾರರನ್ನ ನೋಡ್ತಾ ಇದೀರೋ?" ಎಂದು ಹೆಂಡತಿ ಚುಚ್ಚಿದ್ದಳು. ಮಗ ಲಿಫ್ಟು ರಿಪೇರಿ ಮಾಡುವವನು. ವೈದ್ಯನಾಗು ಎಂದರೆ, ಲಿಫ್ಟು ಅಳಲ್ಲ, ವಾಂತಿ ಮಾಡಲ್ಲ, ನಂಗೆ ಅದೇ ಸರಿ ಎಂದವನು. ಅದೇ ಮಗ ಚಿಕ್ಕವನಿದ್ದಾಗ ಒಂದು ದಿನ ಕ್ಲಿನಿಕ್ಕಿನ ಬೆಂಚಿನ ಮೇಲೆ ಉಳಿದ ಮಕ್ಕಳ ಸಾಲಿನಲ್ಲಿ ಕೂತಿದ್ದ, ಕುತ್ತಿಗೆಗೆ ಅಮ್ಮನ ಶಾಲು ಸುತ್ತಿಕೊಂಡು. ಒಳಗೆ ಬಂದಾಗ, "ನಂಗೂ ಕೆಮ್ಮು. ನನ್ನ ಎದೆನೂ ಕೇಳು" ಎಂದು ಕೊಹ್ ಕೊಹ್ ಎಂದು ತೋರಿಸಿದ್ದ. ಬೇರೆ ಮಕ್ಕಳ ಮೇಲೆ ಅವನಿಗೆ ಅಷ್ಟು ಉರಿ ಇತ್ತು. ಹೊಟ್ಟೆಕಿಚ್ಚು ಈ ಮನೆಗೆ ಹೊಸದಲ್ಲ, ಯಜಮಾನನ ಹೊಟ್ಟೆಗೆ ತಡವಾಗಿ ಬಂತು ಅಷ್ಟೇ.

ಅವನು ಎದ್ದು ಓಣಿಗೆ ಬಂದ. ಸೊಸೆಯ ಕೋಣೆಯ ಬಾಗಿಲಿನ ಮೇಲರ್ಧ ಗಾಜು. ಗಾಜಿನ ಆಚೆ ದಪ್ಪ ಜಡೆಯವಳು ಕೂತಿದ್ದಳು, ಸೊಸೆ ಮಗುವಿನ ಬೆನ್ನಿಗೆ ಬಿಲ್ಲೆ ಇಟ್ಟು ಕಣ್ಣು ಮುಚ್ಚಿದ್ದಳು. ಈಗಷ್ಟೇ, ಅದೇ ಬೆನ್ನಿನ ಮೇಲೆ ಅವನು ಬಿಲ್ಲೆ ಇಟ್ಟು, ಎದೆ ಸ್ವಚ್ಛವಾಗಿದೆ ಎಂದು ಬರೆದಿದ್ದ. ಕೌಂಟರಿನ ಹುಡುಗಿ ಅವನನ್ನು ಕಂಡು ಎದ್ದು ನಿಂತಳು. "ಅವರು ಯಾಕೆ ಆ ಕಡೆ ಹೋದ್ರು?" "ತೂಕಕ್ಕೆ ಸರ್." "ಏನಕ್ಕೆ?" "ತೂಕಕ್ಕೇ! ಯಂತ್ರ ಚಿಕ್ಕ ಡಾಕ್ಟ್ರ ಕೋಣೆಯಲ್ಲಿದೆಯಲ್ಲ. ನಿಮ್ಮ ಹತ್ರ ಬಂದವರನ್ನೆಲ್ಲ ಹೋಗ್ತಾ ಒಂದ್ಸಲ ತೂಕಕ್ಕೆ ಕಳಿಸು ಅಂದಿದಾರೆ." ಬಂದವರನ್ನೆಲ್ಲ! ತೂಕ ನೋಡುವುದಕ್ಕೆ ಸ್ಟೆತಸ್ಕೋಪು ಯಾಕೆ ಬೇಕು, ಕಣ್ಣು ಯಾಕೆ ಮುಚ್ಚಬೇಕು? ಗುರುವಿಗೇ ತಿರುಮಂತ್ರ. ಒಂದೊಂದೇ ಮಗುವನ್ನು ಹೀಗೆ ತನ್ನ ಕಡೆ ಎಳೆದುಕೊಂಡು, ಒಂದು ದಿನ ಈ ಬಾಗಿಲಿಗೆ ಯಾರೂ ಬಾರದಂತೆ ಮಾಡಿ, ಪಾಪ ಮಾವನಿಗೆ ವಯಸ್ಸಾಯಿತು ಎಂದು ಮೃದುವಾಗಿ ಹೇಳುತ್ತಾಳೆ. ಪೇಪರಿನಲ್ಲಿ ತೋಳಾದರೂ ಉಳಿದಿತ್ತು, ಇನ್ನು ಅದೂ ಇಲ್ಲ.

ದಪ್ಪ ಜಡೆಯವಳು ಹೊರಬಂದ ತಕ್ಷಣ ಅವನು ಒಳನುಗ್ಗಿದ. ಮೂಲೆಯಲ್ಲಿ ಮಕ್ಕಳನ್ನು ನಿಲ್ಲಿಸಿ ತೂಗುವ ಯಂತ್ರವಿತ್ತು, ಮಂಡಿಯೆತ್ತರದ್ದು, ಕಬ್ಬಿಣದ್ದು. ಬಗ್ಗಿ ಅದರ ಎರಡು ಕಡೆ ಕೈ ಹಾಕಿದ. "ಮಾವ, ಏನು ಬೇಕಿತ್ತು? ನಾನು ಹಿಡ್ಕೋತೀನಿ ಬಿಡಿ" ಎಂದು ಸೊಸೆ ಎದ್ದಳು. "ಬೇಡ. ಇನ್ನು ಮೇಲೆ ನನ್ನ ಮಕ್ಕಳ ತೂಕ ನಾನೇ ನೋಡ್ಕೋತೀನಿ." ಅವಳ ಕೈ ಗಾಳಿಯಲ್ಲೇ ನಿಂತಿತು. "ಮಾವ, ಒಂದು ನಿಮಿಷ ನಿಮ್ಮ ಹತ್ರ ಮಾತಾಡ್ಬೇಕಿತ್ತು." "ಆಮೇಲೆ." "ಆಮೇಲೆ ಆಮೇಲೆ ಅಂತಲೇ..." ಉಳಿದದ್ದು ಅವನ ಕಿವಿಗೆ ಬೀಳಲಿಲ್ಲ, ಬೀಳುವುದು ಬೇಕಾಗಿಯೂ ಇರಲಿಲ್ಲ. ಯಂತ್ರವನ್ನು ಹೊಟ್ಟೆಗೆ ಆನಿಸಿಕೊಂಡು ಓಣಿಯಲ್ಲಿ ನಡೆದ. ಬೆಂಚಿನ ಮೇಲಿನ ತಾಯಂದಿರು ಕಾಲು ಹಿಂದಕ್ಕೆಳೆದುಕೊಂಡು ದಾರಿ ಬಿಟ್ಟರು. "ಡಾಕ್ಟ್ರೇ ಹೊರ್ತಾ ಇದಾರಲ್ಲೇ" ಎಂದು ಯಾವಳೋ ದೊಡ್ಡದಾಗಿಯೇ ಅಂದಳು, ಒಂದು ಮಗು ಕೈಚಪ್ಪಾಳೆ ತಟ್ಟಿತು. ಸೊಂಟ ಕಳಕ್ ಎಂದಿತು. ತನ್ನ ಮೇಜಿನ ಪಕ್ಕ ಅದನ್ನು ಇಳಿಸಿದಾಗ ಅದರ ಮುಳ್ಳು ಸುಮ್ಮನೆ ಅಲ್ಲಾಡಿ ಸೊನ್ನೆಗೆ ಬಂತು.

ಕೂತು ಏದುಸಿರು ಬಿಡುವಾಗ ಯಾಕೋ ತನ್ನ ಗುರುಗಳ ನೆನಪಾಯಿತು. ಕೊನೆಯ ವರ್ಷಗಳಲ್ಲಿ ಅವರ ಕೈ ನಡುಗುತ್ತಿತ್ತು. ಮಗುವಿನ ಗಂಟಲು ನೋಡಲು ಚಮಚ ಹಿಡಿದರೆ ಅದು ಹಲ್ಲಿಗೆ ಟಕಟಕ ಬಡಿಯುತ್ತಿತ್ತು. ಒಬ್ಬರೂ ಹೇಳಲಿಲ್ಲ. ಬೆಕ್ಕಿನ ಕೊರಳಿಗೆ ಗಂಟೆ ಕಟ್ಟುವವರು ಯಾರು ಎಂದು ಕ್ಯಾಂಟೀನಿನಲ್ಲಿ ಕೂತು ನಕ್ಕವರಲ್ಲಿ ಇವನೂ ಒಬ್ಬ. ನಾನಾಗಿದ್ದರೆ ನನಗೇ ತಿಳಿಯುತ್ತಿತ್ತು, ಮೊದಲೇ ಎದ್ದು ಹೋಗುತ್ತಿದ್ದೆ ಎಂದು ಟೀ ಲೋಟ ಕುಟ್ಟಿ ಹೇಳಿದ್ದ. ಅವನು ಎರಡೂ ಕೈಗಳನ್ನು ಮೇಜಿನ ಮೇಲೆ ಚಾಚಿ ನೋಡಿದ. ಒಂದಿಷ್ಟೂ ನಡುಗಲಿಲ್ಲ. ಕಲ್ಲಿನ ಹಾಗಿದ್ದವು. ಸಮಾಧಾನವಾಗಿ ಗಂಟೆ ಒತ್ತಿದ.

ಬಂದವಳನ್ನು ಕಂಡು ಮನಸ್ಸು ಇನ್ನಷ್ಟು ಹಗುರವಾಯಿತು. ಅವಳು ಹುಟ್ಟಿದಾಗ ನೀಲಿಯಾಗಿದ್ದಳು, ಉಸಿರೇ ಇರಲಿಲ್ಲ. ಅವನು ಬಾಯಿಗೆ ಬಾಯಿಟ್ಟು ಊದಿ ಅಳಿಸಿದ್ದ. ಮಕ್ಕಳನ್ನು ಅಳಿಸದವನು ಎಂದು ಹೆಸರಾದವನು ಅಂದು ಒಂದು ಅಳುವಿಗಾಗಿ ಕಾಲು ಹಿಡಿದು ಬೇಡುವುದೊಂದು ಬಾಕಿ ಇತ್ತು. ಈಗ ಅವಳಿಗೇ ಮೂರು ವರ್ಷದ ಮಗಳು. "ನಾನು ಇವರ ಕೈಯಲ್ಲಿ ಬದುಕಿದೋಳು ಪುಟ್ಟಿ, ನಮಸ್ಕಾರ ಮಾಡು" ಎಂದಳು. ಪುಟ್ಟಿ ಮಾಡಲಿಲ್ಲ. ಅವಳಿಗೆ ಮೇಜಿನ ಮೇಲಿನ ಕೀಲಿ ಗಡಿಯಾರದ ಮೇಲೆ ಕಣ್ಣು. ನಾಚುವ ಮಕ್ಕಳಿಗೆಂದೇ ಅವನು ಅದನ್ನು ಇಟ್ಟುಕೊಂಡಿದ್ದ. ಕೊಳವೆಯನ್ನು ಅವಳ ಕಿವಿಗಿಟ್ಟು ಬಿಲ್ಲೆಯನ್ನು ಗಡಿಯಾರಕ್ಕೆ ತಾಗಿಸಿದ. "ಟಿಕಿ ಟಿಕಿ ಟಿಕಿ" ಎಂದಳು ಪುಟ್ಟಿ ತಲೆಯಾಡಿಸುತ್ತ. "ಈಗ ನನ್ನ ಎದೆ ಕೇಳು. ಏನು ಕೇಳಿಸ್ತು?" ಅವಳು ಬಹಳ ಹೊತ್ತು ಕೇಳಿದಳು. "ತಾತ ಮೆಟ್ಲು ಹತ್ತಾ ಇದಾರೆ." "ಯಾವ ತಾತ?" "ಒಳಗಿರೋ ತಾತ." ಅವನು ನಕ್ಕ, ತಾಯಿ ನಕ್ಕಳು. ಈ ನಗು ಗೋಡೆ ದಾಟಿ ಆ ಕಡೆ ಕೇಳಿಸಿರಬೇಕು, ಕೇಳಿಸಲಿ ಎಂದುಕೊಂಡ.

ತಾಯಿ ಹೇಳುತ್ತಿದ್ದಳು: ಕೆಮ್ಮು, ಒಂದು ವಾರದಿಂದ, ಜ್ವರ ಇಲ್ಲ, ಊಟ ಮಾಡ್ತಾಳೆ, ಆಡ್ತಾಳೆ. ಅವನ ಕಣ್ಣು ಬಾಗಿಲ ಮೇಲಿತ್ತು. ಓಣಿಯಲ್ಲಿ ಒಂದು ಬಿಳಿ ಕೋಟು ಬಂದು ನಿಂತಂತಿತ್ತು. ಯಾವುದೋ ನೆಪ ತೆಗೆದು ಒಳಗೆ ಬರುತ್ತಾಳೇನು? "ಆವತ್ತು ನೆಲದ ಮೇಲೆ ಆಡ್ತಾ ಕೂತಿದ್ಲು ಡಾಕ್ಟ್ರೇ, ನನ್ನ ಹಳೇ ಸರ ಕಿತ್ಕೊಂಡು ಮಣಿ ಪೋಣಿಸ್ತಾ. ಇದ್ದಕ್ಕಿದ್ದ ಹಾಗೆ ಶುರುವಾಯ್ತು, ಮುಖ ಎಲ್ಲ ಕೆಂಪಾಗೋ ಹಾಗೆ. ಆಮೇಲೆ ಸರಿ ಹೋದ್ಲು, ಕೆಮ್ಮು ಮಾತ್ರ..." ಹ್ಞೂಂ ಹ್ಞೂಂ ಎಂದ ಅವನು. ಕೋಟು ಇನ್ನೂ ಅಲ್ಲೇ ಇತ್ತು. ಬಿಲ್ಲೆಯನ್ನು ಪುಟ್ಟಿಯ ಎದೆಯ ಮೇಲೆ, ಬೆನ್ನಿನ ಮೇಲೆ, ಕಂಕುಳ ಕೆಳಗೆ ಇಟ್ಟ. ಹೊಸ ಸ್ಟೆತಸ್ಕೋಪು ಇದು, ಈ ವರ್ಷ ಕೊಂಡ ಮೂರನೆಯದು. ಹಿಂದಿನ ಎರಡರ ಕೊಳವೆಯೂ ಸರಿಯಿರಲಿಲ್ಲ, ಈಗಿನ ಕಾಲದ ಮಾಲೇ ಹಾಗೆ. ಇದರಲ್ಲೂ ಅಂಥ ವಿಶೇಷವೇನಿಲ್ಲ. ಆದರೆ ಎದೆ ಸ್ವಚ್ಛ, ಒಂದಿಷ್ಟೂ ಸದ್ದಿಲ್ಲ. ಇತ್ತೀಚೆಗೆ ಎಲ್ಲ ಮಕ್ಕಳ ಎದೆಯೂ ಸ್ವಚ್ಛವಾಗಿಯೇ ಇರುತ್ತದೆ. ಪುಟ್ಟಿಯನ್ನು ಯಂತ್ರದ ಮೇಲೆ ನಿಲ್ಲಿಸಿ, ಬಾಗಿಲ ಕಡೆಗೆ ಕೇಳುವಂತೆ ತೂಕವನ್ನು ಗಟ್ಟಿಯಾಗಿ ಓದಿದ.

ಕೆಮ್ಮಿನ ಔಷಧಿ ಬರೆದುಕೊಟ್ಟು ಅವನೇ ಎದ್ದ. ರೋಗಿಗಳನ್ನು ಬಾಗಿಲವರೆಗೆ ಬಿಟ್ಟುಬರುವ ಪದ್ಧತಿ ಅವನಿಗೆ ಎಂದೂ ಇರಲಿಲ್ಲ. ಇಂದು ಪುಟ್ಟಿಯ ಕೈ ಹಿಡಿದು ಓಣಿಗೆ ಬಂದಾಗ ಸೊಸೆ ಅಲ್ಲಿರಲಿಲ್ಲ. ಅವಳ ಕೋಣೆಯಲ್ಲಿ ಯಾವುದೋ ಕೂಸು ರಚ್ಚೆ ಹಿಡಿದಿತ್ತು. ಆಹಾ, ಅಲ್ಲೂ ಅಳುತ್ತವೆ. ಗಾಜಿನ ಹಿಂದೆ ಅವಳು ತಟ್ಟನೆ ತಲೆಯೆತ್ತಿ, ಇವರನ್ನು ಕಂಡು, ಕೂಸನ್ನು ಎತ್ತಿಕೊಂಡೇ ಏಳುವುದು ಕಾಣಿಸಿತು. ಅವನು ಹೆಜ್ಜೆ ಬೀಸಾಗಿ ಹಾಕಿದ. ಬಲಕ್ಕೆ, ಕೌಂಟರು ದಾಟಿ, ಮೆಟ್ಟಿಲಿಳಿಸಿ, ಬೀದಿಗೇ ಮುಟ್ಟಿಸಿದ. "ಅಯ್ಯೋ, ನೀವ್ಯಾಕೆ ಡಾಕ್ಟ್ರೇ ಇಷ್ಟು ದೂರ" ಎಂದು ತಾಯಿ ನಾಚಿಕೊಂಡಳು. ಎದುರುಗಡೆ ಬಸ್ ಸ್ಟಾಪಿನ ಬೆಂಚಿನಲ್ಲಿ ಅವರು ಕೂರುವವರೆಗೂ ನಿಂತು ನೋಡಿ, ಗೆದ್ದ ಕೋಳಿಯ ಹಾಗೆ ಒಳಗೆ ಬಂದ. ಕೌಂಟರಿನ ಹುಡುಗಿ ತಲೆ ತಗ್ಗಿಸಿಕೊಂಡಿದ್ದಳು.

ಪುಟ್ಟಿಯೊಂದಿಗೆ ಅವನ ಬೆಳಗಿನ ಪಾಳಿ ಮುಗಿದಿತ್ತು. ಕೋಣೆಯಲ್ಲಿ ಒಬ್ಬನೇ ಕೂತು ಪುಟ್ಟಿಯ ಟಿಕಿ ಟಿಕಿಯನ್ನು ನೆನೆದು ಇನ್ನೊಮ್ಮೆ ನಗುತ್ತ ಗಡಿಯಾರದ ಕಡೆ ನೋಡಿದ. ಅದರ ಸದ್ದು ಬರುತ್ತಿರಲಿಲ್ಲ. ಕೀಲಿ ಕೊಡುವುದು ಮರೆತೆನೇ? ಆದರೆ ಪುಟ್ಟಿಗೆ ಈಗಷ್ಟೇ ಕೇಳಿಸಿತಲ್ಲ. ಕೊಳವೆಯನ್ನು ಕಿವಿಗಿಟ್ಟು ಬಿಲ್ಲೆಯನ್ನು ಗಡಿಯಾರದ ಬೆನ್ನಿಗೆ ಒತ್ತಿದ. ಏನಿಲ್ಲ. ಇನ್ನೂ ಒತ್ತಿದ. ಏನೂ ಇಲ್ಲ. ನಿಂತೇ ಹೋಗಿದೆ ಎಂದು ತಿರುಗಿಸಿ ನೋಡಿದರೆ, ಸೆಕೆಂಡಿನ ಮುಳ್ಳು ತನ್ನ ಪಾಡಿಗೆ ತಾನು ಜಿಗಿಜಿಗಿದು ಹೋಗುತ್ತಿತ್ತು.

ಅವನು ಆ ಮುಳ್ಳನ್ನೇ ನೋಡುತ್ತ ಕೂತ. ಕೊಳವೆ ಕೆಟ್ಟಿರಬೇಕು. ಬಿಲ್ಲೆಯನ್ನು ತನ್ನ ಎದೆಗಿಟ್ಟುಕೊಂಡ. ಡುಬ್, ಡುಬ್ ಎಂದು ತಾತ ಮೆಟ್ಟಿಲು ಹತ್ತುತ್ತಿದ್ದ, ಚೆನ್ನಾಗಿಯೇ ಕೇಳಿಸಿತು. ಹಾಗಾದರೆ ಕೊಳವೆ ಸರಿಯಿದೆ. ದಪ್ಪ ಸದ್ದು ಕೇಳಿಸುತ್ತದೆ, ಸಣ್ಣ ಸದ್ದು ಇಲ್ಲ. ಇದೇನು ಹೊಸ ವಿದ್ಯೆಯೇ? ಮುಪ್ಪಿನಲ್ಲಿ ಕಿವಿ ಹೋಗುವಾಗ ಮೊದಲು ಹೋಗುವುದು ಸಣ್ಣ ಸದ್ದು ಎಂದು ಎಷ್ಟು ತಂಡಗಳಿಗೆ ಪಾಠ ಮಾಡಿಲ್ಲ ಅವನು. ಟೀವಿಯ ಗಂಟಲು, ಸೊಸೆಯ ತುಟಿಯೊಳಗಿನ ಮಾತು, ಕೌಂಟರಿನ ಹುಡುಗಿ ಎರಡೆರಡು ಸಲ ಹೇಳಬೇಕಾದ ಮಾತು, ಮೂರು ಸ್ಟೆತಸ್ಕೋಪು, ಎಲ್ಲ ಮಕ್ಕಳ ಸ್ವಚ್ಛವಾದ ಎದೆ, ಎಲ್ಲ ಒಂದರ ಹಿಂದೊಂದು ಬಂದು ಎದುರು ನಿಂತವು. ಮತ್ತೆ ತೂಕ. ಆ ಮಕ್ಕಳನ್ನು ಅವಳು ಎಳೆದುಕೊಳ್ಳುತ್ತಿರಲಿಲ್ಲ. ಅವನು ಬಿಟ್ಟದ್ದನ್ನು ಕೇಳುತ್ತಿದ್ದಳು. ಕೇಳಿ, ಸದ್ದಿಲ್ಲದೆ ಚೀಟಿ ತಿದ್ದಿ, ಮಾವನ ಹೆಸರು ಮಾವನಿಗೇ ಇರಲಿ ಎಂದು ಬಲಕ್ಕೆ ಕಳಿಸುತ್ತಿದ್ದಳು. ಅವನಿಗೆ ಕೃತಜ್ಞತೆ ಹುಟ್ಟಬೇಕಿತ್ತು. ಹುಟ್ಟಿದ್ದು ಮೊದಲಿಗಿಂತ ದೊಡ್ಡ ಉರಿ. ಅವಳಿಗೆ ಕೇಳಿಸುತ್ತದೆ! ಎರಡು ಬಡಿತದ ನಡುವಿನ ಆ ಸಣ್ಣ ಗಾಳಿ ಈಗಲೂ ಬೀಸುತ್ತಿದೆ, ಅವಳೊಬ್ಬಳಿಗೆ. ಫೋಟೋ ಹೋಗಲಿ, ವಾರ್ಡಿನ ಹೆಸರು ಬೇಕಾದರೆ ಒರೆಸಿಹಾಕಲಿ, ಆ ಕಿವಿ ತನ್ನದಾಗಿತ್ತಲ್ಲ!

ಅಷ್ಟರಲ್ಲಿ, ಹ್ಞೂಂ ಹ್ಞೂಂ ಎಂದು ತಳ್ಳಿಬಿಟ್ಟಿದ್ದ ಮಾತು ಹಿಂದಿನಿಂದ ಬಂದು ಹೆಗಲು ಮುಟ್ಟಿತು. ಮಣಿ ಪೋಣಿಸ್ತಾ. ಇದ್ದಕ್ಕಿದ್ದ ಹಾಗೆ. ಮುಖ ಕೆಂಪಾಗೋ ಹಾಗೆ. ಮೊದಲ ವರ್ಷದ ಹುಡುಗನೂ ಹೇಳುತ್ತಾನೆ: ಆಡುತ್ತಿದ್ದ ಮಗು ಇದ್ದಕ್ಕಿದ್ದಂತೆ ಕೆಮ್ಮಿದರೆ, ಕೆಮ್ಮು ಹೋಗದಿದ್ದರೆ, ಉಸಿರಿನ ಕೊಳವೆಯಲ್ಲಿ ಏನೋ ಸಿಕ್ಕಿದೆ. ಈಗ ಒಂದು ಕವಲಿನಲ್ಲಿ ಕೂತಿದೆ, ಆದ್ದರಿಂದ ಆಡುತ್ತಾಳೆ, ಉಣ್ಣುತ್ತಾಳೆ. ಒಂದು ಕೆಮ್ಮಿಗೆ ಮೇಲೆ ಬಂದು ಅಡ್ಡ ನಿಂತರೆ ಆಸ್ಪತ್ರೆ ಮುಟ್ಟುವಷ್ಟು ಹೊತ್ತೂ ಸಿಗುವುದಿಲ್ಲ. ಅದು ಕೂತಿರುವ ಕಡೆಯಲ್ಲಿ ಮಾತ್ರ ಒಂದು ಸಣ್ಣ ಸೀಟಿ ಕೇಳಿಸುತ್ತದೆ. ಎಷ್ಟು ಮಣಿ, ಕಲ್ಲುಗಳನ್ನು ಅವನು ಆ ಸೀಟಿಯಿಂದಲೇ ಹಿಡಿದುಹಾಕಿದ್ದಾನೆ. ಹಾಗೆ ಉಸಿರಿನ ಕೊಳವೆಯಿಂದ ತೆಗೆದದ್ದನ್ನೆಲ್ಲ ಒಂದು ಗಾಜಿನ ಡಬ್ಬಿಯಲ್ಲಿ ತುಂಬಿ ವಿದ್ಯಾರ್ಥಿಗಳಿಗೆ ತೋರಿಸುತ್ತಿದ್ದ.

ಹೀಗೂ ಮಾಡಬಹುದು ಎಂದಿತು ಮನಸ್ಸು. ಈಗಲೇ ಓಡಿಹೋಗಿ ಅವರನ್ನು ನೇರ ದೊಡ್ಡಾಸ್ಪತ್ರೆಗೆ ಕಳಿಸು. ಫೋನ್ ಮಾಡಿ ಹೇಳು, ಮಣಿ ಇದೆ, ತೆಗೀರಿ ಎಂದು. ಸೊಸೆಗೆ ತಿಳಿಯುವುದೇ ಬೇಡ. ನಾಳೆ ಪೇಪರಿನಲ್ಲಿ ಬಂದರೂ ಬಂದೀತು, ದೊಡ್ಡ ಡಾಕ್ಟರ ಕಿವಿ ಎಂದು. ಆದರೆ ಅಲ್ಲಿಯ ಡಾಕ್ಟರು ಕೇಳುವ ಮೊದಲ ಪ್ರಶ್ನೆಯೇ, ಯಾವ ಕಡೆ ಸರ್, ಎಂದು. ಮಣಿ ಮರದ್ದೋ ಪ್ಲಾಸ್ಟಿಕ್ಕಿನದೋ ಆದರೆ ಎಕ್ಸ್‌ರೇಯಲ್ಲಿ ಕಾಣುವುದೂ ಇಲ್ಲ. ಸಾಮಾನ್ಯವಾಗಿ ಬಲಕ್ಕೇ ಹೋಗುತ್ತದೆ, ಬಲ ಎನ್ನು, ಹೆಚ್ಚಿನ ಪಾಲು ಸರಿಯಾಗಿಯೇ ಇರುತ್ತದೆ. ಬಾಯಲ್ಲಿ ಬಲ ಎಂಬ ಮಾತನ್ನು ಇಟ್ಟುಕೊಂಡು ನೋಡಿದ. ಮೂರು ವರ್ಷದ ಮಗುವಿನ ಎದೆಯ ಮೇಲೆ ಜೂಜು. ಥೂ, ಎಂದು ತನಗೇ ಹೇಳಿಕೊಂಡು ಎದ್ದ, ಸೊಂಟದ ಕಳಕು ನೆನಪಾಗದೆ ಎದ್ದ.

ಬೀದಿ ದಾಟುವಾಗ ಒಂದು ಕಾರಿನವನು ಬ್ರೇಕು ಹಾಕಿ ಬೈದ. ಆ ಬೈಗುಳ ಸ್ಪಷ್ಟವಾಗಿ ಕೇಳಿಸಿತು. ಬಸ್ಸು ದೂರದಲ್ಲಿ ಕಾಣುತ್ತಿತ್ತು, ತಾಯಿ ಪುಟ್ಟಿಯನ್ನು ಎತ್ತಿಕೊಂಡು ಎದ್ದು ನಿಂತಿದ್ದಳು. ಬಿಳಿ ಕೋಟಿನಲ್ಲಿ, ಸ್ಟೆತಸ್ಕೋಪು ಎದೆಗೆ ಬಡಿಯುತ್ತ ಓಡಿಬರುವ ಮುದುಕನನ್ನು ಕಂಡು ಅವಳ ಮುಖ ಬಿಳುಪಾಯಿತು. "ಏನಾಯ್ತು ಡಾಕ್ಟ್ರೇ? ಏನಾದ್ರೂ ತೊಂದರೆನಾ?" ಅವಳನ್ನು ಹೆದರಿಸಬಾರದು, ಹೆದರಿ ಮಗುವನ್ನು ಕುಲುಕಿದರೆ, ಬೆನ್ನಿಗೆ ಗುದ್ದಿದರೆ ಮಣಿ ಜಾಗ ಬಿಟ್ಟು ಏಳುತ್ತದೆ. ಅವನು ಏದುಸಿರಿನಲ್ಲಿ ಬಾಯಿಗೆ ಬಂದದ್ದನ್ನು ಹೇಳಿದ. "ಏನಿಲ್ಲಮ್ಮಾ. ತೂಕ ನೋಡೋದು ಮರ್ತೆ."

"ನೋಡಿದ್ರಲ್ಲ, ನೀವೇ! ಗಟ್ಟಿಯಾಗಿ ಹೇಳಿದ್ರಿ."

"ಇನ್ನೊಂದ್ಸಲ ನೋಡ್ಬೇಕು. ಚಿಕ್ಕ ಡಾಕ್ಟ್ರ ಕೋಣೆಯಲ್ಲಿ. ಮಗು ಇಲ್ಲಿ ಕೊಡು, ಮೆಲ್ಲಗೆ."

ಪುಟ್ಟಿ ಅವನ ತೋಳಿಗೆ ಬಂದಳು, ಕೊಳವೆಯೊಂದಿಗೆ ಆಡುತ್ತ. ಮೊಟ್ಟೆ ಹಿಡಿದವನಂತೆ ಅವಳನ್ನು ಹಿಡಿದು ಬೀದಿ ದಾಟಿದ, ಮೆಟ್ಟಿಲು ಹತ್ತಿದ, ಕೌಂಟರಿನ ಹುಡುಗಿಯ ತೆರೆದ ಬಾಯಿಯನ್ನು ದಾಟಿದ. ಓಣಿಯಲ್ಲಿ ತನ್ನ ಕೋಣೆಯ ಬಾಗಿಲು ಬಂತು. ಒಳಗೆ ಅವನು ಹೊತ್ತು ತಂದ ಕಬ್ಬಿಣದ ಯಂತ್ರ ಮೇಜಿನ ಪಕ್ಕ ನಿಂತಿತ್ತು. ಅದನ್ನು ದಾಟಿ ಮುಂದೆ ನಡೆದ. ಇಷ್ಟು ವರ್ಷದಲ್ಲಿ ಒಂದು ಮಗುವನ್ನು ಎತ್ತಿಕೊಂಡು ಆ ಬಾಗಿಲಿಗೆ ಅವನು ಹೋದದ್ದು ಇದೇ ಮೊದಲು.

ಸೊಸೆ ಕೈ ತೊಳೆಯುತ್ತಿದ್ದಳು. ತಿರುಗಿ ನೋಡಿ, ಒದ್ದೆ ಕೈಯಲ್ಲೇ ನಿಂತಳು. ಮಾವನನ್ನು, ಮಗುವನ್ನು, ಹಿಂದೆ ನಿಂತ ತಾಯಿಯನ್ನು ನೋಡಿದಳು. "ತೂಕಕ್ಕೆ ಬಂದ್ವಿ" ಎಂದ ಅವನು. ಅವಳ ಕಣ್ಣು ಯಂತ್ರವಿಲ್ಲದ ಮೂಲೆಗೆ ಹೋಗಿ ಬಂತು. "ಇಲ್ಲಿ ತೂಕದ್ದು ಇಲ್ವೇ ಇಲ್ಲ" ಎಂದಳು ಪುಟ್ಟಿ. ತಾಯಿಯನ್ನು ಕುರ್ಚಿಯಲ್ಲಿ ಕೂರಿಸಿ, ಮಗುವನ್ನು ಅವಳ ಮಡಿಲಿಗೆ ಇಳಿಸಿ, ಅವನು ತನ್ನ ಕುತ್ತಿಗೆಯಿಂದ ಸ್ಟೆತಸ್ಕೋಪನ್ನು ತೆಗೆದ. ಸೊಸೆಯ ಕೊರಳಲ್ಲೇ ಒಂದಿತ್ತು. ಆದರೂ ಅವಳು ಅವನದರ ಕೊಳವೆಯನ್ನು ತೆಗೆದುಕೊಂಡು ಕಿವಿಗಿಟ್ಟುಕೊಂಡಳು. ಬಿಲ್ಲೆ ಅವನ ಕೈಯಲ್ಲೇ ಉಳಿಯಿತು. ಅಂಗೈಯಲ್ಲಿ ಅದನ್ನು ಬೆಚ್ಚಗೆ ಮಾಡಿದ. ಕಿವಿ ಹೋದರೂ ಕೈಗೆ ಜಾಗ ಗೊತ್ತಿತ್ತು. ಪುಟ್ಟಿಯ ಬೆನ್ನಿನ ಮೇಲೆ, ಎಡಗಡೆ, ಹೆಗಲೆಲುಬಿನ ಕೆಳಗೆ ಇಟ್ಟ. ಸೊಸೆ ಕಣ್ಣು ಮುಚ್ಚಿದಳು. ಅವಳ ಮುಖದಲ್ಲಿ ಏನೂ ಆಗಲಿಲ್ಲ. ಬಲಗಡೆ ಸರಿಸಿದ. ಇನ್ನಷ್ಟು ಕೆಳಗೆ ಸರಿಸಿದ. ಅವಳ ಎಡಹುಬ್ಬು ಸ್ವಲ್ಪವೇ ಸ್ವಲ್ಪ ಏರಿತು. ಬಂತು. ಅವಳಿಗೆ ಬಂತು. ತನ್ನ ಬೆರಳ ಕೆಳಗೆ ಹುಟ್ಟಿ, ತನ್ನದೇ ಕೊಳವೆಯಲ್ಲಿ ಹರಿದು, ಮೊಳದುದ್ದ ದೂರದಲ್ಲಿ ಅವಳ ಕಿವಿಯೊಳಗೆ ಹೋಗಿ ಕೂತಿತು ಅದು. ಅವನಿಗೆ ಅದನ್ನು ಅಲ್ಲಿಂದ ಕಿತ್ತುಕೊಳ್ಳಬೇಕು ಅನ್ನಿಸಿತು.

"ಏನು ಕೇಳಿಸ್ತು?" ಎಂದ.

ಈ ಪ್ರಶ್ನೆಯನ್ನು ಸಾವಿರಾರು ಮಕ್ಕಳಿಗೆ ಕೇಳಿದ್ದ, ಉತ್ತರ ಗೊತ್ತಿದ್ದೂ ಕೇಳಿದ್ದ. ಸೊಸೆ ಕಣ್ಣು ತೆರೆದಳು. ಅವಳ ಕಣ್ಣಲ್ಲಿ ನೀರಿತ್ತು, ಆದರೆ ದನಿ ಗಟ್ಟಿಯಾಗಿತ್ತು, ಒಂದೊಂದು ಮಾತೂ ಅವನಿಗೆ ತಲುಪುವಷ್ಟು ಗಟ್ಟಿ. "ಬಲಗಡೆ ಮಾವ. ಕೆಳಗೆ. ಉಸಿರು ಬಿಡುವಾಗ ಮಾತ್ರ ಒಂದು ಸೀಟಿ. ಎಡಗಡೆ ಏನೂ ಇಲ್ಲ."

"ಮಣಿ" ಎಂದ ಅವನು. "ಸರದ ಮಣಿ. ದೊಡ್ಡಾಸ್ಪತ್ರೆಗೆ ಫೋನ್ ಮಾಡು. ನೀನೇ ಮಾಡು, ನಂಗೆ ಫೋನಲ್ಲಿ ಕೇಳಿಸಲ್ಲ. ಗಾಡಿ ತರಿಸು, ಮಗು ಮಡಿಲಲ್ಲೇ ಕೂತಿರ್ಲಿ, ಮಲಗಿಸಬೇಡ."

ಅವಳು ಹ್ಞೂಂ ಎಂದು ಒಂದು ಕೈಯಿಂದ ಫೋನು ಎತ್ತಿದಳು, ಇನ್ನೊಂದು ಕೈಯಿಂದ ಕೊಳವೆಯನ್ನು ಕಿವಿಯಿಂದ ತೆಗೆಯಲು ಹೋದಳು. ಅವನು ಬಿಲ್ಲೆಯನ್ನು ಪುಟ್ಟಿಯ ಬೆನ್ನಿನಿಂದ ಇನ್ನೂ ಎತ್ತಿರಲಿಲ್ಲ.

"ತೆಗೀಬೇಡ, ತಡಿ" ಎಂದ. "ಅವರು ಫೋನ್ ಎತ್ತೋವರೆಗೆ ಹೇಳು. ಹೇಗಿದೆ ಅದು? ಸಣ್ಣಗಿದೆಯಾ?"